ಅರಳುಮರಳು ವಯೋಧರ್ಮವಲ್ಲ

“ಅರವತ್ತಕ್ಕೆ ಅರಳುಮರಳು” ಎಂಬ ಗಾದೆಯು ನಮ್ಮ ನಾಡಿನಲ್ಲಿ ಬಹುಕಾಲದಿಂದ ರೂಢವಾಗಿದೆ. ಆ ವಯಸ್ಸನ್ನು ಮುಟ್ಟಿರುವ ನಾವು ಇದನ್ನು ಒಪ್ಪಲಾರೆವು. ಸ್ವಾಭಿಮಾನದಿಂದಲ್ಲ, ಈ ಗಾದೆಯ ದೆಸೆಯಿಂದ ಅನೇಕ ಮನೆಗಳಲ್ಲಿ ವ್ಯಾಧಿಯು ವ್ಯಾಧಿಯೆಂದೇ ತಿಳಿಯದೆ ಉಳಿಯುವುದರಿಂದ.

ಪರಿಚಿತರ ಹೆಸರು ಮರೆತು ತುಸು ಹೊತ್ತಿನ ಮೇಲೆ ನೆನಪಾಗುವುದು ವಯೋಧರ್ಮ. ಉಂಡು ಕೈತೊಳೆದ ಮೇಲೆ ಊಟವೇ ಆಗಿಲ್ಲವೆನ್ನುವುದು, ನಿತ್ಯ ನಡೆದ ಬೀದಿಯಲ್ಲಿ ದಾರಿತಪ್ಪುವುದು, ಮನೆಯವರನ್ನೇ ಕಳ್ಳರೆಂದು ಶಂಕಿಸುವುದು—ಇವು ವ್ಯಾಧಿಯ ಲಕ್ಷಣಗಳಾಗಿರಬಹುದು. ವೈದ್ಯರು ಇದನ್ನು ಡಿಮೆನ್ಷಿಯಾ ಎನ್ನುವರು. ಚರಕಸಂಹಿತೆಯು ಧೀ, ಧೃತಿ, ಸ್ಮೃತಿಗಳೆಂದು ಮೂರನ್ನು ಬೇರೆಬೇರೆಯಾಗಿ ಎಣಿಸುತ್ತದೆ. ಈ ವ್ಯಾಧಿಯು ಸ್ಮೃತಿಯನ್ನು ಮಾತ್ರವಲ್ಲದೆ ವಿವೇಚನೆಯನ್ನೂ ಸಂಯಮವನ್ನೂ ಕ್ರಮೇಣ ಅಪಹರಿಸುತ್ತದೆ. ಭಾರತದಲ್ಲಿ ಅರವತ್ತು ದಾಟಿದವರಲ್ಲಿ ಸುಮಾರು 88 ಲಕ್ಷ ಮಂದಿ ಇದಕ್ಕೆ ತುತ್ತಾಗಿರುವರೆಂದು 2023ರಲ್ಲಿ ಪ್ರಕಟವಾದ ಅಧ್ಯಯನವೊಂದು ಅಂದಾಜು ಮಾಡಿದೆ.

ಈ ವಿಷಯದಲ್ಲಿ ಬಹುವರ್ಷಗಳಿಂದ ಪರಿಶ್ರಮಿಸಿರುವವರಲ್ಲಿ ಬೆಂಗಳೂರಿನ ನಿಮ್ಹಾನ್ಸ್ ಸಂಸ್ಥೆಯ ನರರೋಗತಜ್ಞೆ ಡಾ. ಸುವರ್ಣಾ ಅಲ್ಲಾಡಿಯವರು ಪ್ರಮುಖರು. ಇವರು ಹಿಂದೆ ಹೈದರಾಬಾದಿನ ನಿಜಾಮ್ ವೈದ್ಯವಿಜ್ಞಾನ ಸಂಸ್ಥೆಯಲ್ಲಿದ್ದಾಗ 648 ರೋಗಿಗಳನ್ನು ಪರಿಶೀಲಿಸಿದರು. ಅವರಲ್ಲಿ 391 ಮಂದಿ ಎರಡು ಅಥವಾ ಹೆಚ್ಚು ಭಾಷೆಗಳನ್ನಾಡುವವರು. ಒಂದೇ ಭಾಷೆ ಬಲ್ಲವರಿಗಿಂತ ಇವರಲ್ಲಿ ರೋಗವು ಸುಮಾರು ನಾಲ್ಕೂವರೆ ವರ್ಷ ತಡವಾಗಿ ತಲೆದೋರಿತ್ತೆಂದು 2013ರಲ್ಲಿ ಪ್ರಕಟಿಸಿದರು. ಅಕ್ಷರವನ್ನೇ ಅರಿಯದವರಲ್ಲಿಯೂ ಈ ಅಂತರವು ಕಂಡಿತೆಂಬುದು ವಿಶೇಷ. ಭಾಷಾಜ್ಞಾನವು ರೋಗವನ್ನು ತಡೆಯುವುದೆಂದು ಇದರಿಂದ ಸಿದ್ಧವಾಗದು. ಆದರೂ ಮಾತಿನ ನಿತ್ಯವ್ಯವಸಾಯವು ಮಿದುಳಿಗೆ ಬಲವೀಯುವುದೆಂದು ಊಹಿಸಲು ಆಧಾರವುಂಟು.

ಪಾಶ್ಚಾತ್ಯದೇಶಗಳಲ್ಲಿ ರಚಿತವಾದ ಸ್ಮೃತಿಪರೀಕ್ಷೆಗಳು ಬಹುಮಟ್ಟಿಗೆ ಓದುಬಲ್ಲವರಿಗಾಗಿ ಹುಟ್ಟಿದವು. ಓದುಬರಹವಿಲ್ಲದ ಅಜ್ಜಿಯು ಅವುಗಳಲ್ಲಿ ಸೋತರೆ ಅದು ರೋಗವೋ, ಶಾಲೆಗೆ ಹೋಗದಿದ್ದುದರ ಫಲವೋ? ಈ ತೊಡಕನ್ನು ಬಿಡಿಸಲು ಭಾರತೀಯ ವೈದ್ಯಕೀಯ ಸಂಶೋಧನಾ ಪರಿಷತ್ತಿನ ಆಶ್ರಯದಲ್ಲಿ ಇವರೂ ಇತರ ತಜ್ಞರೂ ಕೂಡಿ ಕನ್ನಡವೂ ಸೇರಿದಂತೆ ಐದು ಭಾಷೆಗಳಲ್ಲಿ ಪರೀಕ್ಷೆಗಳನ್ನು ಸಿದ್ಧಪಡಿಸಿದರು. 2022ರಲ್ಲಿ ಕರ್ನಾಟಕ ಸರ್ಕಾರವು ನಿಮ್ಹಾನ್ಸ್ ಸಂಸ್ಥೆಯೊಡನೆ ಆರಂಭಿಸಿದ ಮಿದುಳಿನ ಆರೋಗ್ಯಕಾರ್ಯದಲ್ಲಿ ಈ ವ್ಯಾಧಿಯೂ ಸೇರಿದೆ.

ಗೃಹಸ್ಥರು ತಿಳಿಯಬೇಕಾದುದಿಷ್ಟು. ಮರೆವು ಮಿತಿಮೀರಿದರೆ ವೈದ್ಯರಲ್ಲಿ ತೋರಿಸತಕ್ಕದ್ದು. ಥೈರಾಯ್ಡ್ ಗ್ರಂಥಿಯ ದೌರ್ಬಲ್ಯ, ಬಿ12 ಜೀವಸತ್ವದ ಕೊರತೆ, ಮನಃಖಿನ್ನತೆ—ಇವುಗಳಿಂದಲೂ ಮರೆವುಂಟಾಗುವುದು, ಇವುಗಳಿಗೆ ಚಿಕಿತ್ಸೆಯುಂಟು. ರಕ್ತದೊತ್ತಡ, ಮಧುಮೇಹಗಳನ್ನು ನಡುವಯಸ್ಸಿನಿಂದಲೇ ಹತೋಟಿಯಲ್ಲಿಡಬೇಕು. ಕಿವಿ ಮಂದವಾದರೆ ಅಲಕ್ಷಿಸಬಾರದು. ಹಿರಿಯರು ಕೇಳಿದ್ದನ್ನೇ ಹತ್ತು ಸಲ ಕೇಳಿದರೆ “ಆಗಲೇ ಹೇಳಲಿಲ್ಲವೇ?” ಎಂದು ಗದರಿಸುವುದರಿಂದ ನೆನಪು ಮರಳದು, ಭಯವೊಂದೇ ಹೆಚ್ಚುವುದು. ಸ್ನಾನ, ಊಟ, ನಿದ್ರೆಗಳು ನಿಯತವೇಳೆಗೆ ನಡೆಯಲಿ.

ಶುಶ್ರೂಷೆಯ ಭಾರವು ಸಾಮಾನ್ಯವಾಗಿ ಮನೆಯ ಸೊಸೆಯ ಅಥವಾ ಮಗಳ ಹೆಗಲಿಗೇ ಬೀಳುತ್ತದೆ. ಉಳಿದವರು ದಿನಕ್ಕೆರಡು ಗಳಿಗೆಯಾದರೂ ಅದನ್ನು ಹಂಚಿಕೊಳ್ಳದಿದ್ದರೆ ಒಬ್ಬ ರೋಗಿಯ ಮನೆಯಲ್ಲಿ ಇಬ್ಬರು ರೋಗಿಗಳಾಗುವರೆಂಬುದನ್ನು ವಾಚಕಮಹಾಶಯರು ಮನಗಾಣಬೇಕೆಂದು ಪ್ರಾರ್ಥಿಸುತ್ತೇವೆ.