ಬೆವರುವ ಮಡಕೆ

ಕೋಲಾರ, ಮುಳಬಾಗಿಲು, ಶ್ರೀನಿವಾಸಪುರದ ಕಡೆಗಳಲ್ಲಿ ಬೇಸಗೆ ಬಂದಿತೆಂದರೆ ಅಡಿಗೆಮನೆಯ ಮೂಲೆಯಲ್ಲಿ, ಒದ್ದೆ ಮರಳಿನ ಮೇಲೆ, ಹೊಸ ಮಡಕೆಯೊಂದು ಬಂದು ಕೂರುತ್ತದೆ. ಪಕ್ಕದ ಹಿತ್ತಾಳೆಯ ಕೊಡದ ನೀರು ಬೆಚ್ಚಗಿದ್ದರೂ ಮಡಕೆಯ ನೀರು ತಂಪು. ನೀರು ಒಂದೇ, ಗಾಳಿಯೂ ಒಂದೇ. ಹಾಗಾದರೆ ಈ ವ್ಯತ್ಯಾಸವೇಕೆ?

ಉತ್ತರವು ಸುಟ್ಟ ಮಣ್ಣಿನಲ್ಲಿದೆ. ಮಾಲೂರು ಹೆಂಚು ಇಟ್ಟಿಗೆಗಳಿಗೆ ಹೆಸರಾದ ಊರು. ಹೊಸ ಇಟ್ಟಿಗೆಯೊಂದರ ಮೇಲೆ ನೀರು ಚಿಮುಕಿಸಿದರೆ ಅದು ಬೇಗನೆ ಹೀರಿಹೋಗುವುದನ್ನು ನಾವು ಕಾಣಬಹುದು. ಕಣ್ಣಿಗೆ ಕಾಣದ ಅಸಂಖ್ಯ ರಂಧ್ರಗಳೇ ಇದಕ್ಕೆ ಕಾರಣ. ಮಡಕೆಯ ಮೈಯಲ್ಲಿಯೂ ಇಂಥವೇ ರಂಧ್ರಗಳುಂಟು. ಅವುಗಳ ಮೂಲಕ ಹೊರಕ್ಕೆ ಜಿನುಗಿದ ನೀರು ಆವಿಯಾಗುತ್ತದೆ. ಹೆಚ್ಚು ವೇಗವುಳ್ಳ ಅಣುಗಳು ಮೊದಲು ಹಾರಿಹೋಗುವುದರಿಂದ ಉಳಿದವುಗಳ ಸರಾಸರಿ ಶಕ್ತಿ ಕುಗ್ಗಿ, ಉಷ್ಣತೆ ಇಳಿಯುತ್ತದೆ.

ಒಂದು ಗ್ರಾಂ ನೀರು ಹೀಗೆ ಆವಿಯಾಗಲು ಸುಮಾರು 580 ಕ್ಯಾಲೊರಿ ಗುಪ್ತೋಷ್ಣ ಬೇಕು. 10 ಲೀಟರು ನೀರಿನಲ್ಲಿ ಕೇವಲ 100 ಗ್ರಾಂ ಆವಿಯಾದರೆ 58,000 ಕ್ಯಾಲೊರಿ ವ್ಯಯವಾಯಿತು. ಹೊರಗಿನಿಂದ ಶಾಖ ಬಾರದಿದ್ದರೆ ಮಿಕ್ಕ ನೀರು ಸುಮಾರು 6 ಡಿಗ್ರಿ ಸೆಲ್ಸಿಯಸ್ ತಣಿಯಬೇಕು. ತಕ್ಕಡಿಯೂ ಉಷ್ಣಮಾಪಕವೂ ದೊರೆತರೆ ವಿದ್ಯಾರ್ಥಿಗಳು ಇದನ್ನು ಮನೆಯಲ್ಲಿಯೇ ಪರೀಕ್ಷಿಸಬಹುದು. ಮಳೆಗಾಲದ ತೇವದ ಗಾಳಿಯಲ್ಲಿ ನೀರು ಬೇಗ ಆರದು. ಆಗ ಮಡಕೆಯ ತಂಪೂ ಕಡಿಮೆ. ಒಣ ಬೇಸಗೆಯೇ ಅದಕ್ಕೆ ತಕ್ಕ ಕಾಲ.

ಕೆಲವು ತಿಂಗಳಾದ ಮೇಲೆ ಮಡಕೆಯ ಹೊರಮೈಯಲ್ಲಿ ಬಿಳಿಯ ಪೊರೆ ಕಟ್ಟುತ್ತದೆ. ನೀರು ಹಾರಿಹೋಗಿ, ಅದರಲ್ಲಿ ಕರಗಿದ್ದ ಲವಣಗಳು ಉಳಿದುದರ ಗುರುತು ಅದು. ಲವಣವು ರಂಧ್ರಗಳನ್ನು ಮುಚ್ಚುವುದರಿಂದಲೇ ಹಳೆಯ ಮಡಕೆ ಹೊಸದರಷ್ಟು ತಂಪು ಕೊಡುವುದಿಲ್ಲ.

ಈ ಬಿಳಿಯ ಪೊರೆಯಲ್ಲಿ ನಮಗೊಂದು ಎಚ್ಚರಿಕೆಯೂ ಇದೆ. ವರ್ಷವಿಡೀ ಹರಿಯುವ ಹೊಳೆಯಿಲ್ಲದ ಈ ಸೀಮೆಯು ಆಳವಾದ ಕೊಳವೆಬಾವಿಗಳನ್ನು ನೆಚ್ಚಿದೆ. ಶಿಲೆಗಳಿಂದ ಕರಗಿಬಂದ ಫ್ಲೋರೈಡು ಇಲ್ಲಿನ ಹಲವು ಹಳ್ಳಿಗಳ ನೀರಿನಲ್ಲಿದೆ. ಅದು ಲೀಟರಿಗೆ 1.5 ಮಿಲಿಗ್ರಾಂ ಮೀರಿದ್ದರೆ ಬೆಳೆಯುವ ಮಕ್ಕಳ ಹಲ್ಲುಗಳು ಕಲೆಗಟ್ಟಬಹುದು. ಇನ್ನೂ ಹೆಚ್ಚಿದ್ದು ಬಹುಕಾಲ ಕುಡಿದರೆ ಮೂಳೆಗಳೂ ಕೆಡುತ್ತವೆ. ಕುದಿಸಿದರೆ ರೋಗಾಣುಗಳು ಸಾಯುತ್ತವೆಯೇ ಹೊರತು ಫ್ಲೋರೈಡು ಹೋಗದು. ಮಡಕೆಯ ಲವಣದಂತೆ ಅದೂ ಆವಿಯಾಗದೆ ಉಳಿಯುತ್ತದೆ. 10 ಲೀಟರು ನೀರು ಕುದಿದು 9 ಲೀಟರಿಗೆ ಇಳಿದರೆ, ಲೀಟರಿಗೆ 1.5 ಮಿಲಿಗ್ರಾಂ ಇದ್ದುದು ಸುಮಾರು 1.67 ಆಗುತ್ತದೆ!

ಆದುದರಿಂದ ಬಾವಿಯ ನೀರನ್ನು ಪರೀಕ್ಷೆ ಮಾಡಿಸೋಣ. ಫ್ಲೋರೈಡು ಹೆಚ್ಚಿದ್ದರೆ ಊರಿನ ಶುದ್ಧ ನೀರಿನ ಘಟಕದಿಂದ ತಂದ ನೀರನ್ನೇ ಮಡಕೆಗೆ ತುಂಬೋಣ. ತಂಪಾದುದೆಲ್ಲ ಶುದ್ಧವಲ್ಲ.