ಕಲ್ಲಿನ ಕೆಳಗಣ ಕಾಂಕ್ರೀಟು

ಕಲಬುರಗಿ ಜಿಲ್ಲೆಯ ಶಹಾಬಾದ್, ಚಿತ್ತಾಪುರಗಳ ಸೀಮೆಯಲ್ಲಿ ಪದರಪದರವಾಗಿ ಬಿಡಿಸಿಕೊಳ್ಳುವ ಬೂದುವರ್ಣದ ಸುಣ್ಣಶಿಲೆಯು, ಅಲ್ಲಿನವರಿಗೆ ಫರಸಿಯೆಂದೂ ಉಳಿದವರಿಗೆ ಶಹಾಬಾದ್ ಕಲ್ಲೆಂದೂ ಪರಿಚಿತವಾಗಿ, ಬೇಸಗೆಯ ನಡುಹಗಲಿನಲ್ಲಿಯೂ ಬರಿಗಾಲಿಗೆ ತಂಪನ್ನೀಯುವುದರಿಂದ, ಹಳೆಯ ಕಾಂಕ್ರೀಟು ನೆಲದ ಮೇಲೆ ಅದನ್ನು ಹಾಸಿಸಬೇಕೆಂಬ ಆಸೆ ಗೃಹಸ್ಥನಿಗೆ ಹುಟ್ಟುವುದು ಸಹಜವೇ ಸರಿ. ಆದರೆ ಅಂಗಡಿಯಲ್ಲಿ ಕಲ್ಲಿನ ಬಣ್ಣವನ್ನು ಬಿಸಿಲಿಗೆ ಹಿಡಿದು ನೋಡುವ ಆತ, ಅದನ್ನು ಹೊರಬೇಕಾದ ಕಾಂಕ್ರೀಟಿನ ಕಡೆಗೆ ಬಗ್ಗಿ ನೋಡುವುದು ಅಪೂರ್ವ.

ಆ ನೆಲ ನುಣುಪಾಗಿದ್ದಷ್ಟೂ ಈ ಕಾರ್ಯಕ್ಕೆ ಅಯೋಗ್ಯ. ಉಜ್ಜಿ ಹೊಳಪಿಸಿದ ಮೇಲ್ಮೈಯಲ್ಲಿ ಗಾರೆಗೆ ಹಿಡಿತವೇ ದೊರೆಯದಾದುದರಿಂದ, ಉಳಿ ಸುತ್ತಿಗೆಗಳಿಂದ ಒತ್ತೊತ್ತಾಗಿ ಕಚ್ಚು ಹೊಡೆದು, ಎಣ್ಣೆ, ಬಣ್ಣ, ಧೂಳುಗಳನ್ನು ನಿಶ್ಶೇಷವಾಗಿ ತೊಳೆದು, ನೆಲವು ಇನ್ನೂ ತೇವವಾಗಿದ್ದರೂ ಎಲ್ಲಿಯೂ ನೀರು ನಿಲ್ಲದಿರುವಾಗ ಸಿಮೆಂಟಿನ ಹಾಲನ್ನು ಬಳಿದು, ಅದು ಒಣಗುವ ಮುನ್ನವೇ ಗಾರೆಯನ್ನು ಹರಡತಕ್ಕದ್ದು. ಈ ಕಚ್ಚು ಹೊಡೆಯುವ ಕೆಲಸ ಧೂಳಿನದು, ಸದ್ದಿನದು. ಮುಗಿದ ಮೇಲೆ ಕಣ್ಣಿಗೆ ಬೀಳದು. ಆದುದರಿಂದಲೇ ತಪ್ಪಿಸಿಕೊಳ್ಳಲು ಸುಲಭ. ಅಡಿಯ ಕಾಂಕ್ರೀಟಿನಲ್ಲಿ ಇನ್ನೂ ಬೆಳೆಯುತ್ತಿರುವ ಬಿರುಕಿದ್ದರಂತೂ, ಇಂದಲ್ಲ ನಾಳೆ ಮೇಲಿನ ಕಲ್ಲೂ ಅದೇ ಗೆರೆಯಲ್ಲಿ ಸೀಳುವುದು. ನೆಲವನ್ನು ತೊಳೆಯುವುದಕ್ಕೂ ಮುನ್ನವೇ ಒಂದು ಪ್ಲಾಸ್ಟಿಕ್ ಹಾಳೆಯ ಅಂಚುಗಳನ್ನು ನೆಲಕ್ಕೆ ಅಂಟಿಸಿ ಒಂದು ಹಗಲು ಒಂದು ರಾತ್ರಿ ಬಿಟ್ಟರೆ, ಅದರಡಿಯಲ್ಲಿ ಕಟ್ಟಿದ ಹನಿಗಳೇ ನೆಲದೊಳಗಣ ತೇವವನ್ನು ಸಾರಿಹೇಳುತ್ತವೆ.

ಭಾರದ ಮಾತೂ ಉಂಟು. ಒಂದಂಗುಲದ ಕಲ್ಲೂ ಅದರಡಿಯ ಒಂದಂಗುಲದ ಗಾರೆಯೂ ಸೇರಿ ಚದರ ಮೀಟರಿಗೆ 100 ಕಿಲೋಗ್ರಾಮಿಗೆ ಮೀರಿ ತೂಗುವುದರಿಂದ, ಮಹಡಿಯ ಮೇಲಾದರೆ ಇಂಜಿನಿಯರರನ್ನು ಕೇಳದೆ ಕೈಹಾಕಬಾರದು. ನೆಲದ ಮಟ್ಟವೂ ಏರುವುದರಿಂದ, ಬಾಗಿಲುಗಳ ಕೆಳಯಂಚನ್ನು ಕೊಯ್ಯಿಸಲು ಬಡಗಿಗೂ ಹೇಳಿಕಳುಹಬೇಕು.

ಗಣಿಯಿಂದ ಬಂದ ಚಪ್ಪಡಿಗಳ ದಪ್ಪ ಒಂದೇ ಸಮನಾಗಿರದು. ಆದುದರಿಂದ ಮೇಸ್ತ್ರಿಯು 1 ಪಾಲು ಸಿಮೆಂಟಿಗೆ 4ರಿಂದ 6 ಪಾಲು ಮರಳು ಬೆರೆಸಿದ ಗಾರೆಯ ಮೇಲೆ ಕಲ್ಲನ್ನಿಟ್ಟು, ದಾರಕ್ಕೂ ರಸಮಟ್ಟಕ್ಕೂ ಹೊಂದಿಸಿ ನೋಡಿ, ಮತ್ತೆ ಎತ್ತಿ, ಗಾರೆಯನ್ನು ಹೆಚ್ಚುಕಡಿಮೆ ಮಾಡಿ, ಕೊಡತಿಯಿಂದ ಮೆಲ್ಲನೆ ತಟ್ಟುತ್ತಾನೆ. ಟೊಳ್ಳು ಸದ್ದು ಬಂದೆಡೆ ಮರುಮಾತಿಲ್ಲದೆ ಕಿತ್ತು ಹಾಸುವವನೇ ನಿಜವಾದ ಕೆಲಸಗಾರ. ಬಚ್ಚಲಿನಲ್ಲಿ ಮಾತ್ರ ಸಮತಲ ಕೂಡದು. ಮೀಟರಿಗೆ 1 ಸೆಂಟಿಮೀಟರಿನಷ್ಟಾದರೂ ವಾಟ ಬೇಕು.

ಅನಂತರ ಒಂದು ವಾರ ನೀರುಣಿಸುವ ತಾಳ್ಮೆ. ಬಳಕೆಗೆ ಬಂದ ಮೇಲೂ ಒಂದು ಎಚ್ಚರ ಬೇಕು: ಸುಣ್ಣಶಿಲೆಗೆ ಹುಳಿಯೆಂದರೆ ಆಗದು. ನಿಂಬೆಯ ರಸ ಬಿದ್ದೆಡೆ ಹೊಳಪು ಕರಗಿ ಬಿಳಿಯ ಕಲೆ ನಿಲ್ಲುತ್ತದೆ. ಹಿತ್ತಾಳೆಯ ಪಾತ್ರೆಗಳನ್ನು ಹುಣಿಸೆಹಣ್ಣಿನಿಂದ ಬೆಳಗುವ ಮನೆಯವರು ಆ ಮೂಲೆಗೆ ಗ್ರಾನೈಟನ್ನೇ ಹಾಕಿಸಿಕೊಳ್ಳಲಿ.