ಸುರಂಗ ಎಲ್ಲಿಗೆ ಹೋಗ್ತದೆ?

ಮಂಗಳೂರಿನ ಯಾವುದಾದರೂ ಹಳೆಯ ಕಟ್ಟಡದ ಮುಂದೆ ನಾಲ್ಕು ಜನರನ್ನು ನಿಲ್ಲಿಸಿ ನೋಡಿ. ಯಾರು ಕಟ್ಟಿಸಿದ್ದು, ಯಾವ ಇಸವಿ ಎಂದು ಕೇಳುವ ಮೊದಲೇ ಒಬ್ಬರ ಬಾಯಿಂದ ಈ ಪ್ರಶ್ನೆ ಬರುತ್ತದೆ: "ಇಲ್ಲಿಂದ ಸುರಂಗ ಉಂಟಂತೆ, ಹೌದಾ?"

ನಾನು ಸಿವಿಲ್ ಎಂಜಿನಿಯರಿಂಗ್ ಮೂರನೇ ವರ್ಷದ ವಿದ್ಯಾರ್ಥಿ. ಮನೆ ಮಣ್ಣಗುಡ್ಡದಲ್ಲಿ. ರಜೆಯ ಶನಿವಾರಗಳಲ್ಲಿ ಹಾಸ್ಟೆಲ್‌ನ ಗೆಳೆಯರನ್ನೂ ಅವರನ್ನು ನೋಡಲು ಬಂದವರನ್ನೂ ಕಟ್ಟಿಕೊಂಡು ನಡೆದೇ ಊರು ತೋರಿಸುವುದು ನನ್ನ ಹವ್ಯಾಸ. ಬೋಳೂರಿನ ಸುಲ್ತಾನ್ ಬತ್ತೇರಿಯಿಂದ ಶುರು ಮಾಡಿ, ನಗರದೊಳಗಿನ ಹಳೆಯ ಚರ್ಚ್‌ಗಳನ್ನು ನೋಡಿ, ಬೋಳಾರದ ರೊಸಾರಿಯೊದಲ್ಲಿ ಮುಗಿಸುತ್ತೇವೆ. ಫೀಸ್ ಇಲ್ಲ. ಬೆಳಗ್ಗಿನ ಬನ್ಸ್ ಮತ್ತು ಚಹಾ ಮಾತ್ರ ಬಂದವರ ಖರ್ಚು. ಆರೂವರೆಗೆ ಹೊರಡದಿದ್ದರೆ ನಮ್ಮ ಊರಿನ ಸೆಕೆ ಯಾರನ್ನೂ ಬಿಡುವುದಿಲ್ಲ.

ಮಣ್ಣಗುಡ್ಡದಿಂದ ಪಶ್ಚಿಮಕ್ಕೆ ನಡೆದರೆ ಅರ್ಧ ಗಂಟೆಯೊಳಗೆ ಗುರುಪುರ ನದಿಯ ದಡ. ಅಲ್ಲಿ ಕಪ್ಪು ಕಲ್ಲಿನ ಸಣ್ಣ ಕಾವಲು ಗೋಪುರ. ನದಿಯೊಳಗೆ ಯುದ್ಧದ ಹಡಗುಗಳು ಬರದಂತೆ ತಡೆಯಲು ಟಿಪ್ಪು ಸುಲ್ತಾನ್ 1784ರಲ್ಲಿ ಕಟ್ಟಿಸಿದ್ದು. ಗೋಡೆಯ ಸುತ್ತಲೂ ತೋಪು ಇಡುವ ಕಂಡಿಗಳು, ಕೆಳಗೆ ಮದ್ದುಗುಂಡು ಇಡಲು ನೆಲದಡಿಯ ಕೋಣೆ. ನೋಡಲು ಚಿಕ್ಕದು, ಆದರೆ ಮೆಟ್ಟಿಲು ಹತ್ತಿ ಕಂಡಿಯಲ್ಲಿ ಕಣ್ಣಿಟ್ಟರೆ ಜಾಗ ಆಯ್ಕೆ ಮಾಡಿದವರ ಲೆಕ್ಕ ಅರ್ಥವಾಗುತ್ತದೆ. ನದಿಯಲ್ಲಿ ಯಾವ ದೋಣಿ ಬಂದರೂ ಕಣ್ಣು ತಪ್ಪಿಸಿ ಹೋಗಲಾರದು.

ಸುರಂಗದ ಪ್ರಶ್ನೆ ಬರುವುದು ಈ ಕೆಳಗಿನ ಕೋಣೆಯ ಬಾಗಿಲಲ್ಲಿ. ಒಮ್ಮೆ ಹುಬ್ಬಳ್ಳಿಯ ಗೆಳೆಯ, "ಇದು ಸೀದಾ ಶ್ರೀರಂಗಪಟ್ಟಣಕ್ಕ ಹೋಗ್ತದಂತ, ಖರೇ ಏನು?" ಎಂದ. ಅಲ್ಲೇ ಕೂತು ಲೆಕ್ಕ ಹಾಕಿದೆವು. ಒಬ್ಬ ಮನುಷ್ಯ ನಡೆಯಲು ಒಂದು ಮೀಟರ್ ಅಗಲ, ಎರಡು ಮೀಟರ್ ಎತ್ತರ ಬೇಕು. ದೂರ ಸುಮಾರು 250 ಕಿ.ಮೀ. ಅಂದರೆ ಹೊರಗೆ ಹಾಕಬೇಕಾದ ಮಣ್ಣು ಐದು ಲಕ್ಷ ಘನ ಮೀಟರ್. ಹತ್ತು ಘನ ಮೀಟರ್ ಹಿಡಿಯುವ ಟಿಪ್ಪರ್‌ನಲ್ಲಿ ಐವತ್ತು ಸಾವಿರ ಲೋಡು! ನಡುವೆ ಪಶ್ಚಿಮ ಘಟ್ಟ ಬೇರೆ. "ಅಷ್ಟು ಮಣ್ಣು ಎಲ್ಲಿ ಸುರಿದರು ಹೇಳು" ಎಂದೆ. "ನಿಮ್ಮ ಏರಿಯಾ ಹೆಸರೇ ಹೇಳ್ತದಲ್ಲ, ಮಣ್ಣಗುಡ್ಡ" ಎಂದುಬಿಟ್ಟ. ಅದಕ್ಕೆ ನನ್ನಲ್ಲಿ ಉತ್ತರವಿರಲಿಲ್ಲ.

ಇಷ್ಟೆಲ್ಲ ಹೇಳಿದ ಮೇಲೂ ಕೆಲವರ ಮುಖ ಸಪ್ಪಗಾಗುತ್ತದೆ. ಅವರಿಗೆ ಸುರಂಗವೇ ಬೇಕು. ಆಗ ನಮ್ಮ ಜಿಲ್ಲೆಯ ನಿಜವಾದ ಸುರಂಗಗಳ ಕಥೆ ಹೇಳುತ್ತೇನೆ. ಬಂಟ್ವಾಳ, ಪುತ್ತೂರು, ಕಾಸರಗೋಡು ಕಡೆ ಗುಡ್ಡದ ಪಕ್ಕದಿಂದ ಒಳಗೆ ಅಡ್ಡಕ್ಕೆ ಕೊರೆದ ನೀರಿನ ಸುರಂಗಗಳಿವೆ. ಒಬ್ಬ ಮನುಷ್ಯ ಒಳಹೊಕ್ಕು ಹಾರೆ ಬೀಸಲು ಎಷ್ಟು ಬೇಕೋ ಅಷ್ಟೇ ಅಗಲ. ಮುರಕಲ್ಲಿನ ಗುಡ್ಡ ಮಳೆಗಾಲದಲ್ಲಿ ನೀರು ಕುಡಿದು ಇಟ್ಟುಕೊಳ್ಳುತ್ತದೆ. ಆ ನೀರು ಜಿನುಗಿ ಸುರಂಗದ ತಳದಲ್ಲಿ ಹರಿದು ಹೊರಗೆ ಬರುತ್ತದೆ. ಪಂಪ್ ಬೇಡ, ಕರೆಂಟ್ ಬೇಡ. ಅಡ್ಯನಡ್ಕದ ಬಳಿಯ ಅಮೈ ಮಹಾಲಿಂಗ ನಾಯ್ಕರು ಬೋಳು ಗುಡ್ಡದಲ್ಲಿ ಒಬ್ಬರೇ ಸುರಂಗದ ಮೇಲೆ ಸುರಂಗ ತೋಡಿ, ನೀರು ಸಿಗದೆ ಬಿಟ್ಟು ಮತ್ತೆ ತೋಡಿ, ಕೊನೆಗೆ ನೀರು ತರಿಸಿ ತೋಟ ಮಾಡಿದವರು. 2022ರಲ್ಲಿ ಅವರಿಗೆ ಪದ್ಮಶ್ರೀ ಬಂತು. ನಮ್ಮ ಜಿಯಾಲಜಿ ಪಠ್ಯದಲ್ಲಿ ಮುರಕಲ್ಲಿನ ಬಗ್ಗೆ ಒಂದೂವರೆ ಪುಟ ಉಂಟು. ನಾಯ್ಕರ ಹೆಸರು ಇಲ್ಲ.

ಮದ್ದಿನ ಕೋಣೆ ನೆಲದಡಿಯಲ್ಲೇ ಏಕೆ ಎಂಬುದೂ ಯೋಚಿಸುವಂಥದ್ದು. ಕಿಡಿ ತಾಗಬಾರದು, ಶತ್ರುವಿನ ಗುಂಡು ತಾಗಬಾರದು, ತಣ್ಣಗಿರಬೇಕು. ಆದರೆ ವರ್ಷಕ್ಕೆ 3,500 ಮಿಲಿಮೀಟರಿಗೂ ಹೆಚ್ಚು ಮಳೆ ಸುರಿಯುವ ಊರಲ್ಲಿ, ನದಿಯ ಪಕ್ಕದಲ್ಲೇ, ಮದ್ದನ್ನು ಒಣಗಿಸಿ ಇಡುವುದು ಹುಡುಗಾಟವಲ್ಲ. ಅದಕ್ಕೇ ಕಾವಲು ಗೋಪುರವನ್ನು ದಪ್ಪ ಗೋಡೆಯ ಪುಟ್ಟ ಕೋಟೆಯ ಹಾಗೆ ಕಟ್ಟಿದ್ದಾರೆ ಎಂದು ನನಗನಿಸುತ್ತದೆ.

ತಿಂಡಿ ಮುಗಿಸಿ ಬಲ್ಲಾಳ್‌ಬಾಗ್, ಕೊಡಿಯಾಲ್‌ಬೈಲ್ ದಾಟಿ ಬಾವುಟಗುಡ್ಡೆ ಹತ್ತುತ್ತೇವೆ. ಅಲ್ಲಿರುವುದು ಸಂತ ಅಲೋಶಿಯಸ್ ಕಾಲೇಜಿನ ಚಾಪೆಲ್. ಕಾಲೇಜು ಶುರುವಾದದ್ದು 1880ರಲ್ಲಿ. ಹೊರಗಿನಿಂದ ನೋಡಿದವರು "ಇಷ್ಟೇನಾ" ಅನ್ನುತ್ತಾರೆ, ಒಳಗೆ ಹೋದ ಮೇಲೆ ಮಾತು ನಿಲ್ಲುತ್ತದೆ. ಇಟಲಿಯ ಜೆಸ್ವಿಟ್ ಸಹೋದರ ಆಂಟೋನಿಯೊ ಮೊಸ್ಕೇನಿ 1899ರಿಂದ ಸುಮಾರು ಎರಡು ವರ್ಷ ಇಲ್ಲಿ ಕೂತು ಗೋಡೆ, ಚಾವಣಿಗಳನ್ನೆಲ್ಲ ಚಿತ್ರಗಳಿಂದ ತುಂಬಿಸಿದರು. ಗೋಡೆಯ ಮೇಲಿನದು ಫ್ರೆಸ್ಕೊ, ಚಾವಣಿಯದು ಕ್ಯಾನ್ವಾಸ್ ಮೇಲೆ ತೈಲವರ್ಣ.

ಫ್ರೆಸ್ಕೊ ಎಂದರೆ ನಮ್ಮ ಬ್ರಾಂಚ್‌ನವರಿಗೆ ಬಲು ಇಷ್ಟವಾಗುವ ವಿಷಯ. ಸುಣ್ಣದ ಗಾರೆ ಹಸಿಯಾಗಿರುವಾಗಲೇ ನೀರಲ್ಲಿ ಕಲಸಿದ ಬಣ್ಣ ಹಚ್ಚಬೇಕು. ಗಾರೆ ಒಣಗುತ್ತಾ ಗಾಳಿಯ ಕಾರ್ಬನ್ ಡೈಆಕ್ಸೈಡ್ ಹೀರಿ ಮತ್ತೆ ಕಲ್ಲಾಗುತ್ತದೆ, ಬಣ್ಣ ಆ ಕಲ್ಲಿನೊಳಗೆ ಸೆರೆಯಾಗುತ್ತದೆ. ಆದ್ದರಿಂದ ಒಂದು ದಿನದಲ್ಲಿ ಬಿಡಿಸಿ ಮುಗಿಸಲು ಎಷ್ಟು ಸಾಧ್ಯವೋ ಅಷ್ಟೇ ಗಾರೆ ಬಳಿಯುವುದು. ಒಣಗಿದ ಮೇಲೆ ತಿದ್ದಲು ಹೋದರೆ ಕೆರೆದು ಮತ್ತೆ ಶುರು ಮಾಡಬೇಕು. ನಮ್ಮ ಲ್ಯಾಬ್‌ನಲ್ಲಿ ಕಾಂಕ್ರೀಟ್ ಕ್ಯೂಬ್ ಸೆಟ್ ಆಗಲು ಕಾಯುವಾಗ ಮೊಬೈಲ್ ನೋಡುತ್ತೇವೆ. ಆ ಮನುಷ್ಯನಿಗೆ ಗಾರೆ ಸೆಟ್ ಆಗುವುದರೊಳಗೆ ಒಬ್ಬ ಸಂತನ ಮುಖ ಮುಗಿಯಬೇಕಿತ್ತು.

ಕಳೆದ ಡಿಸೆಂಬರ್‌ನಲ್ಲಿ ನಮ್ಮ ಕ್ಲಾಸಿನವರೇ ಏಳು ಜನ ಬಂದಿದ್ದರು. ಅವರಲ್ಲಿ ಒಬ್ಬಳು ಮನೆಯಲ್ಲಿ ಕೊಂಕಣಿ ಮಾತಾಡುವ ಕೆಥೋಲಿಕ್ ಹುಡುಗಿ, ಒಬ್ಬ ಬ್ಯಾರಿ ಹುಡುಗ. ಹಂಪನಕಟ್ಟೆಯ ಮಿಲಾಗ್ರಿಸ್ ಚರ್ಚ್ ಬಂದಾಗ ನನ್ನ ಎದೆ ಸ್ವಲ್ಪ ಹೊಡೆದುಕೊಳ್ಳುತ್ತಿತ್ತು. ಕಾರಣ ಉಂಟು. ಬೆಳಗ್ಗೆ ಬತ್ತೇರಿಯಲ್ಲಿ ಹೇಳಿದ್ದ 1784 ಎಂಬ ಇಸವಿ ಇಲ್ಲಿ ಇನ್ನೊಮ್ಮೆ ಬರುತ್ತದೆ.

ಮಿಲಾಗ್ರಿಸ್ ಶುರುವಾದದ್ದು 1680ರಲ್ಲಿ. ಕಟ್ಟಿಸಿದವರು ಗೋವಾ ಮೂಲದ ಬಿಷಪ್ ಥಾಮಸ್ ಡಿ ಕ್ಯಾಸ್ಟ್ರೊ. ಜಾಗ ಕೊಟ್ಟದ್ದು ಆಗ ಕರಾವಳಿಯನ್ನು ಆಳುತ್ತಿದ್ದ ಕೆಳದಿಯ ರಾಣಿ ಚೆನ್ನಮ್ಮ. ಬಿಷಪರು 1684ರಲ್ಲಿ ತೀರಿಕೊಂಡರು, ಇಲ್ಲಿನ ಸಮಾಧಿ ಭೂಮಿಯಲ್ಲೇ ಅವರನ್ನು ಹೂಳಿದರು. ಸರಿಯಾಗಿ ನೂರು ವರ್ಷದ ನಂತರ 1784ರಲ್ಲಿ ಟಿಪ್ಪುವಿನ ಆಜ್ಞೆಯಂತೆ ಈ ಚರ್ಚನ್ನು ಕೆಡವಲಾಯಿತು, ರೊಸಾರಿಯೊವನ್ನೂ ಕೆಡವಲಾಯಿತು. ಯುದ್ಧದಲ್ಲಿ ಇಂಗ್ಲಿಷರಿಗೆ ನೆರವಾದರು ಎಂಬ ಆರೋಪದ ಮೇಲೆ ಕೆನರಾದ ಕ್ರೈಸ್ತರನ್ನು ಫೆಬ್ರವರಿಯಲ್ಲಿ ಸೆರೆಹಿಡಿದು ಶ್ರೀರಂಗಪಟ್ಟಣಕ್ಕೆ ನಡೆಸಿಕೊಂಡು ಹೋದರು. ಮಾರ್ಚ್ 11ರಂದು ಇದೇ ಊರಲ್ಲಿ ಟಿಪ್ಪು ಮತ್ತು ಕಂಪನಿಯ ನಡುವೆ ಮಂಗಳೂರು ಒಪ್ಪಂದಕ್ಕೆ ಸಹಿ ಬಿತ್ತು. ಸೆರೆಯಾದವರಲ್ಲಿ ಉಳಿದವರು ಬಿಡುಗಡೆಯಾದದ್ದು 1799ರಲ್ಲಿ, ಟಿಪ್ಪು ಮಡಿದ ಮೇಲೆ.

"ಅದನ್ನೆಲ್ಲ ಯಾಕೆ ಹೇಳ್ತೀಯ ಮಾರಾಯ, ಪೇಂಟಿಂಗ್ ತೋರಿಸಿ ಬಾ, ಈಗಿನ ಕಾಲ ಸರಿ ಇಲ್ಲ" ಎಂದು ಅಮ್ಮ ಹಿಂದಿನ ರಾತ್ರಿಯೇ ಹೇಳಿದ್ದರು. ಅವರ ಹೆದರಿಕೆ ಸುಳ್ಳಲ್ಲ. ಈ ಇಸವಿಯನ್ನು ಮೊಬೈಲ್‌ನಲ್ಲಿ ಕಲ್ಲಿನ ಹಾಗೆ ಎಸೆದಾಡುವವರು ಎರಡೂ ಕಡೆ ಇದ್ದಾರೆ. ಆದರೂ ಬತ್ತೇರಿಯಲ್ಲಿ ಹೊಗಳಿ, ಮಿಲಾಗ್ರಿಸ್‌ನಲ್ಲಿ ಬಾಯಿ ಮುಚ್ಚಿಕೊಂಡರೆ ನಾನು ತೋರಿಸುವುದು ಊರನ್ನಲ್ಲ, ಬರೀ ಕಟ್ಟಡ. ಹಾಗಾಗಿ ಹೇಳಿದೆ. ವಿಶೇಷಣ ಹಾಕದೆ, ಇಸವಿಗಳನ್ನು ಒಂದರ ಪಕ್ಕ ಒಂದು ಇಟ್ಟು ಹೇಳಿದೆ.

ಸ್ವಲ್ಪ ಹೊತ್ತು ಯಾರೂ ಮಾತಾಡಲಿಲ್ಲ. ಹೊರಗೆ ಸಿಟಿ ಬಸ್ಸಿನ ಕಂಡಕ್ಟರ್ ಕೂಗುತ್ತಿದ್ದ. "ನಮ್ಮ ಬಜ್ಜಿ ಈ ಕಥೆ ಹೇಳದ ವರ್ಷ ಇಲ್ಲ" ಎಂದಳು ಅವಳು. ಅವನು ಕೇಳಿದ್ದು ಒಂದೇ ಪ್ರಶ್ನೆ: "ಎಷ್ಟು ಜನ ವಾಪಸ್ ಬಂದರು?" ಸಂಖ್ಯೆ ಪುಸ್ತಕದಿಂದ ಪುಸ್ತಕಕ್ಕೆ ಬದಲಾಗುತ್ತದೆ, ಹೋದವರು ಸಾವಿರ ಸಾವಿರ, ಬಂದವರು ತೀರಾ ಕಡಿಮೆ ಎಂದೆ. ಅವನು ತಲೆಯಾಡಿಸಿದ. ಆಮೇಲೆ ಇಬ್ಬರೂ ಒಟ್ಟಿಗೇ ಸಮಾಧಿಗಳ ನಡುವೆ ಬಿಷಪರ ಕಲ್ಲನ್ನು ಹುಡುಕುತ್ತಾ ಹೋದರು. ಈಗ ಕಾಣುವ ಚರ್ಚ್ ಕಟ್ಟಡ 1911ರದ್ದು. ಆ ಜಾಗದಲ್ಲಿ ಅತ್ಯಂತ ಹಳೆಯದನ್ನು ನೋಡಬೇಕಾದರೆ ತಲೆ ಎತ್ತಬಾರದು, ನೆಲ ನೋಡಬೇಕು.

ಪ್ಲೇಸ್‌ಮೆಂಟ್ ಹತ್ತಿರ ಬಂದಿರುವಾಗ ಇದರಿಂದ ಏನು ಲಾಭ ಎಂದು ಕೇಳುವವರಿದ್ದಾರೆ. ನಿಜ ಹೇಳಬೇಕೆಂದರೆ ಹಣದ ಲಾಭ ಸೊನ್ನೆ. ಆದರೆ ಆಸಕ್ತಿ ಇರುವವರಿಗೆ ದಾರಿಗಳಿವೆ. ಕೇಂದ್ರ ಪ್ರವಾಸೋದ್ಯಮ ಸಚಿವಾಲಯ ಪ್ರವಾಸಿ ಮಾರ್ಗದರ್ಶಕರಿಗಾಗಿ ಆನ್‌ಲೈನ್ ತರಬೇತಿ ಮತ್ತು ಪ್ರಮಾಣಪತ್ರ ಕೊಡುತ್ತದೆ. ಪಾರಂಪರಿಕ ಕಟ್ಟಡಗಳ ಬಗ್ಗೆ ಕಲಿಯಲು ಬಲ್ಲಾಳ್‌ಬಾಗ್‌ನ ಕೊಡಿಯಾಲ್‌ಗುತ್ತು ಕೇಂದ್ರದಲ್ಲಿ ಇಂಟ್ಯಾಕ್‌ನ ಮಂಗಳೂರು ಘಟಕ ಕಾರ್ಯಕ್ರಮ ನಡೆಸುತ್ತದೆ. ಹೋಗುವಾಗ ಒಂದು ನೋಟ್‌ಬುಕ್ ಇರಲಿ. ಚರ್ಚ್‌ಗೆ ಹೋಗುವುದಾದರೆ ಪೂಜೆಯ ಸಮಯ ಬಿಟ್ಟು ಹೋಗಿ, ಕಚೇರಿಯಲ್ಲಿ ಒಂದು ಮಾತು ಕೇಳಿ, ಒಳಗೆ ಮೆಲ್ಲಗೆ ಮಾತಾಡಿ. ಒಬ್ಬರು ಹೇಳಿದ್ದನ್ನು ಇನ್ನೊಬ್ಬರ ಹತ್ತಿರ ಪರೀಕ್ಷಿಸದೆ ಗುಂಪಿನ ಮುಂದೆ ಹೇಳಬೇಡಿ. ನನ್ನ ಮಟ್ಟಿಗೆ ವೈವಾಗಿಂತ ಕಷ್ಟದ ಪರೀಕ್ಷೆ ಅದು. ಎಕ್ಸಾಮಿನರ್ ಒಬ್ಬರಿರುತ್ತಾರೆ, ಇಲ್ಲಿ ಏಳು ಜನ.

ಕೊನೆಯ ನಿಲ್ದಾಣ ರೊಸಾರಿಯೊ. ನೆಹರೂ ಮೈದಾನದ ಬಳಿ 1843ರ ಸಂತ ಪಾವ್ಲರ ಚರ್ಚನ್ನು ದಾರಿಯಲ್ಲೇ ನೋಡಿ ಅಲ್ಲಿಗೆ ತಲುಪುವಾಗ ಬಿಸಿಲು ನೆತ್ತಿಗೇರಿರುತ್ತದೆ. ಪೋರ್ಚುಗೀಸರು 1568ರಲ್ಲಿ ಇಲ್ಲಿ ಚರ್ಚ್ ಕಟ್ಟಿದರು. ಈಗಿನ ಗುಮ್ಮಟದ ಕೆಥೆಡ್ರಲ್ ಇಪ್ಪತ್ತನೇ ಶತಮಾನದ್ದು. ಮೊದಲಿನ ಕಟ್ಟಡದಿಂದ ಉಳಿದದ್ದು ಪೋರ್ಚುಗಲ್ ರಾಜನ ಲಾಂಛನ ಕೆತ್ತಿದ ಒಂದು ಕಲ್ಲು. ಡಿಸೆಂಬರ್‌ನ ಆ ದಿನ ಎಲ್ಲರೂ ದಣಿದು ನೆರಳಲ್ಲಿ ಕೂತಿದ್ದಾಗ ಬ್ಯಾರಿ ಗೆಳೆಯ ಆ ಕಲ್ಲಿನ ಫೋಟೊ ತೆಗೆದು, ಬತ್ತೇರಿಯ ಕಂಡಿಯ ಫೋಟೊದ ಜೊತೆ ಕ್ಲಾಸ್ ಗ್ರೂಪ್‌ಗೆ ಹಾಕಿದ. ಅಡಿಯಲ್ಲಿ ಬರೆದದ್ದು ಎರಡು ಇಸವಿ ಮಾತ್ರ: 1568, 1784. ಐದು ನಿಮಿಷದಲ್ಲಿ, ಬಾರದೆ ಮನೆಯಲ್ಲೇ ಮಲಗಿದ್ದ ಒಬ್ಬನ ಉತ್ತರ ಬಂತು: "ಸುರಂಗ ಸಿಕ್ಕಿತಾ?"